ಜೋಂಬಿ ಸರ್ವರ್‌ಗೆ ಕನೆಕ್ಟ್ ಆದಾಗ ಒಳಗೆ ಏನಾಗತ್ತೆ

ಗನ್ ಹಿಡಿದು ಎರಡು ಟೀಮ್ ಹೊಡೆದಾಡೋ ಕೌಂಟರ್ ಸ್ಟ್ರೈಕ್ 1.6 ಆಡಿದವರಿಗೆಲ್ಲ ಇದು ಗೊತ್ತಿರತ್ತೆ. ಸರ್ವರ್ (ಆಟ ನಡೆಸೋ ಕಂಪ್ಯೂಟರ್) ಲಿಸ್ಟ್ ಓಪನ್ ಮಾಡ್ತೀರಾ, ಯಾವ್ದೋ ದೇಶದಲ್ಲಿರೋ ಯಾರದ್ದೋ ಸರ್ವರ್ ಮೇಲೆ ಡಬಲ್ ಕ್ಲಿಕ್ ಮಾಡ್ತೀರಾ, "ವೆರಿಫೈಯಿಂಗ್ ಅಂಡ್ ಡೌನ್‌ಲೋಡಿಂಗ್ ರಿಸೋರ್ಸಸ್" ಅಂತ ಬರತ್ತೆ, ಸ್ವಲ್ಪ ಹೊತ್ತು ಕಾಯ್ತೀರಾ, ಆಮೇಲೆ ನೋಡಿದ್ರೆ ಬಾಂಬ್ ಇಡೋ ಆಟ ಮಾಯ. ಎಲ್ಲಾ ಕಡೆ ಕತ್ತಲೆ, ನಿಮ್ಮ ಟೀಮಲ್ಲೇ ಒಬ್ಬ ಇದ್ದಕ್ಕಿದ್ದಂಗೆ ಜೋಂಬಿ ಆಗ್ತಾನೆ, ಅವನು ಪರಚಿದವರೆಲ್ಲ ಜೋಂಬಿ ಆಗ್ತಾ ಹೋಗ್ತಾರೆ. ಇನ್ನೊಂದು ಸರ್ವರ್‌ಗೆ ಹೋದ್ರೆ ಗನ್ನೇ ಇಲ್ಲ, ಆಕಾಶದಲ್ಲಿ ಇಳಿಜಾರು ಹಲಗೆಗಳ ಮೇಲೆ ಜಾರ್ತಾ ಹೋಗೋದಷ್ಟೇ. ಅದೇ ಆಟ, ಅದೇ ಸಿಡಿಯಿಂದ ಹಾಕಿದ್ದು. ನೀವು ಹೊಸದಾಗಿ ಏನನ್ನೂ ಇನ್‌ಸ್ಟಾಲ್ ಮಾಡಿಲ್ಲ.

ಹಾಗಾದ್ರೆ ಈ ಹೊಸ ಆಟ ಎಲ್ಲಿಂದ ಬಂತು? ಆ ಒಂದೆರಡು ನಿಮಿಷದಲ್ಲಿ ಪೂರ್ತಿ ಹೊಸ ಗೇಮ್ ನಮ್ಮ ಕಂಪ್ಯೂಟರ್‌ಗೆ ಇಳೀತು ಅಂತ ತುಂಬಾ ಜನ ಅಂದ್ಕೋತಾರೆ. ನಿಜ ಏನಂದ್ರೆ ಆ ಆಟದ ನಿಯಮಗಳಲ್ಲಿ ಒಂದು ಸಾಲು ಕೋಡ್ ಕೂಡ ನಿಮ್ಮ ಹತ್ರ ಬರಲ್ಲ. ಜೋಂಬಿ ಯಾರಾಗ್ಬೇಕು, ಪರಚಿದ್ರೆ ಏನಾಗ್ಬೇಕು, ಯಾವಾಗ ರೌಂಡ್ ಮುಗೀಬೇಕು, ಇದೆಲ್ಲ ಓಡೋದು ಆ ಸರ್ವರಲ್ಲೇ. ನಿಮಗೆ ಬರೋದು ಸಾಮಾನು ಮಾತ್ರ: ಮ್ಯಾಪ್ ಅಂದ್ರೆ ಆಟ ನಡೆಯೋ ಜಾಗ, ಗೊಂಬೆಗಳ ಮಾಡೆಲ್, ಸೌಂಡು, ಜೊತೆಗೆ ಒಂದಷ್ಟು ನಂಬರ್‌ಗಳು. ಯಕ್ಷಗಾನ ಮೇಳದಲ್ಲಿ ವೇಷದ ಪೆಟ್ಟಿಗೆ ಅದೇ ಇರತ್ತೆ, ಇವತ್ತು ರಾತ್ರಿ ಯಾವ ಪ್ರಸಂಗ ಅನ್ನೋದನ್ನ ನಡೆಸೋರು ಭಾಗವತರು, ಹಾಗೆ. ನನ್ನ ಪ್ರಕಾರ ಆನ್‌ಲೈನ್ ಆಟಗಳ ಇತಿಹಾಸದಲ್ಲಿ ಇದಕ್ಕಿಂತ ದೊಡ್ಡ ಐಡಿಯಾ ಇನ್ನೊಂದಿಲ್ಲ, ಮತ್ತೆ ಅದು ಸುಮ್ನೆ ಒಂದೇ ದಿನ ಹುಟ್ಟಿದ್ದಲ್ಲ.

1993ರಲ್ಲಿ ಡೂಮ್ ಬಂದಾಗ ಅದನ್ನ ಮಾಡಿದವರು ಮ್ಯಾಪು, ಚಿತ್ರ, ಶಬ್ದ ಎಲ್ಲವನ್ನೂ ವ್ಯಾಡ್ ಅನ್ನೋ ಫೈಲಿಗೆ ತುಂಬಿ, ಇಂಜಿನ್ನಿಂದ, ಅಂದ್ರೆ ಆಟವನ್ನ ಓಡಿಸೋ ಮೂಲ ಪ್ರೋಗ್ರಾಮಿಂದ, ಬೇರೆ ಇಟ್ಟಿದ್ರು, ಅದರಿಂದ ಜನ ತಮ್ಮದೇ ಮ್ಯಾಪ್ ಮಾಡಿ ಹಾಕ್ಕೊಳ್ಳೋಕೆ ಶುರು ಮಾಡಿದ್ರು. 1996ರ ಕ್ವೇಕ್ ಇನ್ನೊಂದು ಹೆಜ್ಜೆ ಮುಂದೆ ಹೋಯ್ತು, ಆಟದ ನಿಯಮಗಳನ್ನೇ ಕ್ವೇಕ್‌ಸಿ ಅನ್ನೋ ಸಣ್ಣ ಭಾಷೆಯಲ್ಲಿ ಬರೆದು ಬೇರೆ ಫೈಲ್ ಮಾಡಿಟ್ರು, ಆ ಫೈಲ್ ಓಡ್ತಿದ್ದಿದ್ದು ಸರ್ವರಲ್ಲಿ ಮಾತ್ರ. ಆಸ್ಟ್ರೇಲಿಯಾದ ಮೂರು ಜನ ಅದೇ ವರ್ಷ ಕ್ವೇಕ್ ಮೇಲೆ ಟೀಮ್ ಫೋರ್ಟ್ರೆಸ್ ಅನ್ನೋ ಮಾಡ್ (ಇರೋ ಆಟವನ್ನ ಬದಲಾಯಿಸಿ ಕಟ್ಟಿದ ಆಟ) ಮಾಡಿದ್ದು ಇದರಿಂದಾನೇ. ಕ್ವೇಕ್ ಇಂಜಿನ್ ತಗೊಂಡು ವಾಲ್ವ್ ಕಂಪನಿ 1998ರಲ್ಲಿ ಹಾಫ್ ಲೈಫ್ ಮಾಡ್ತು, ಹಾಫ್ ಲೈಫ್ ಮೇಲೆ ಮಿನ್ ಲೀ ಮತ್ತೆ ಜೆಸ್ ಕ್ಲಿಫ್ 1999ರಲ್ಲಿ ಕೌಂಟರ್ ಸ್ಟ್ರೈಕ್ ಮಾಡಿದ್ರು. ಅಂದ್ರೆ ಬೆಂಗಳೂರಿನ ಸೈಬರ್ ಕೆಫೆಗಳಲ್ಲಿ ಕಾಲೇಜು ಬಿಟ್ಟು ಬಂದು ಲ್ಯಾನ್‌ನಲ್ಲಿ ಡಸ್ಟ್2 ಮ್ಯಾಪ್ ಆಡ್ತಿದ್ದ ಇಡೀ ಒಂದು ತಲೆಮಾರು ಆಡಿದ್ದು ಅಭಿಮಾನಿಗಳೇ ಕಟ್ಟಿದ ಆಟವನ್ನ. ಇವತ್ತು ಬಸ್ಸಲ್ಲಿ ಕೂತು ಬಿಜಿಎಂಐ ಆಡೋ ಹುಡುಗರಿಗೂ ಇದು ಅನ್ವಯ ಆಗತ್ತೆ, ಅದರ ಮೂಲ ಹುಡುಕ್ತಾ ಹೋದ್ರೆ ಪಬ್‌ಜಿ, ಪಬ್‌ಜಿಗಿಂತ ಹಿಂದೆ ಬ್ರೆಂಡನ್ ಗ್ರೀನ್ ಅನ್ನೋರು 2013ರಲ್ಲಿ ಆರ್ಮಾ 2 ಆಟಕ್ಕೆ ಮಾಡಿದ ಬ್ಯಾಟಲ್ ರಾಯಲ್ ಮಾಡ್ ಸಿಗತ್ತೆ.

ಈಗ ಡಬಲ್ ಕ್ಲಿಕ್ ಮಾಡಿದ ಕ್ಷಣಕ್ಕೆ ಬರೋಣ. ನಿಮ್ಮ ಕಂಪ್ಯೂಟರ್ ಮೊದಲು ಸರ್ವರ್‌ಗೆ "ನಾನು ಬರ್ಲಾ" ಅಂತ ಕೇಳತ್ತೆ, ಸಾಮಾನ್ಯವಾಗಿ 27015 ಅನ್ನೋ ಪೋರ್ಟ್ ನಂಬರಲ್ಲಿ. ಸರ್ವರ್ ಒಪ್ಪಿಕೊಂಡ್ರೆ ತಾನು ಯಾವ ಮ್ಯಾಪ್ ಓಡಿಸ್ತಿದೀನಿ, ಆ ಮ್ಯಾಪ್ ಫೈಲಿನ ಚೆಕ್‌ಸಮ್ ಎಷ್ಟು ಅಂತ ಹೇಳತ್ತೆ. ಚೆಕ್‌ಸಮ್ ಅಂದ್ರೆ ಫೈಲಿನ ಎಲ್ಲಾ ಬೈಟ್‌ಗಳನ್ನ ಲೆಕ್ಕ ಹಾಕಿ ತೆಗೆದ ಒಂದು ನಂಬರ್, ಒಂದು ಬೈಟ್ ಬದಲಾದ್ರೂ ನಂಬರ್ ಬದಲಾಗಿಬಿಡತ್ತೆ. ನಿಮ್ಮ ಹತ್ರ ಅದೇ ಹೆಸರಿನ ಬೇರೆ ಮ್ಯಾಪ್ ಇದ್ರೆ "ಯುವರ್ ಮ್ಯಾಪ್ ಡಿಫರ್ಸ್ ಫ್ರಮ್ ದಿ ಸರ್ವರ್ಸ್" ಅಂತ ಬಂದು ಹೊರಗೆ ಹಾಕೋದು ಇದಕ್ಕೇ. ಗೋಡೆ ನಿಮಗೊಂದು ಕಡೆ, ಸರ್ವರ್‌ಗೆ ಇನ್ನೊಂದು ಕಡೆ ಇದ್ರೆ ಆಟ ನಡೆಯೋದಾದ್ರೂ ಹೇಗೆ. ಆಮೇಲೆ ಸರ್ವರ್ ಒಂದು ಉದ್ದ ಪಟ್ಟಿ ಕಳ್ಸತ್ತೆ, ಈ ಆಟಕ್ಕೆ ಬೇಕಾದ ಎಲ್ಲಾ ಮಾಡೆಲ್, ಎಲ್ಲಾ ಸೌಂಡಿನ ಹೆಸರು ಅದರಲ್ಲಿರತ್ತೆ, ನಿಮ್ಮ ಹತ್ರ ಇಲ್ಲದ್ದು ಮಾತ್ರ ಡೌನ್‌ಲೋಡ್ ಆಗತ್ತೆ. ಪಟ್ಟಿಗೆ ಮಿತಿ ಇದೆ, ಈ ಹಳೇ ಇಂಜಿನ್ನಲ್ಲಿ ಮಾಡೆಲ್ 512, ಸೌಂಡ್ 512, ಅಷ್ಟೇ. ಮ್ಯಾಪ್ ಲೋಡ್ ಆಗೋವಾಗಲೇ ಪಟ್ಟಿ ಫೈನಲ್ ಆಗ್ಬೇಕು, ಮಧ್ಯದಲ್ಲಿ ಹೊಸ ಗೊಂಬೆ ಸೇರಿಸ್ತೀನಿ ಅಂದ್ರೆ ಆಗಲ್ಲ. ಯಾಕಂದ್ರೆ ಆಟ ನಡೀತಿರೋವಾಗ ಸರ್ವರ್ ಫೈಲಿನ ಹೆಸರು ಹೇಳ್ತಾ ಕೂರಲ್ಲ, "137ನೇ ಮಾಡೆಲ್ಲು, ಈ ಜಾಗದಲ್ಲಿ, ಈ ಕಡೆ ತಿರುಗಿದೆ" ಅಂತ ಬರೀ ನಂಬರ್ ಕಳಿಸತ್ತೆ, ಆ ನಂಬರ್ ಎರಡೂ ಕಡೆ ಒಂದೇ ಅರ್ಥ ಕೊಡಬೇಕು.

ಸರ್ವರ್ ಕಡೆ ಏನಿರತ್ತೆ ಅಂದ್ರೆ, ಇಂಜಿನ್ ಮತ್ತೆ ಆಟದ ಕೋಡ್ ಮಧ್ಯ ಮೆಟಾಮಾಡ್ ಅನ್ನೋ ಒಂದು ಪ್ರೋಗ್ರಾಮ್ ಕೂತಿರತ್ತೆ. ಇಂಜಿನ್ ಆಟದ ಜೊತೆ ಮಾತಾಡ್ತಿದೀನಿ ಅಂದ್ಕೊಂಡು ಮೆಟಾಮಾಡ್ ಜೊತೆ ಮಾತಾಡ್ತಿರತ್ತೆ, ಅದು ಪ್ರತಿಯೊಂದು ಮಾತನ್ನೂ ಕೇಳಿಸ್ಕೊಂಡು ಬೇಕಾದ್ರೆ ಬದಲಾಯಿಸಿ ಆಚೆ ದಾಟಿಸತ್ತೆ. ಅದರ ಮೇಲೆ ಎಎಂಎಕ್ಸ್ ಮಾಡ್ ಎಕ್ಸ್ ಅನ್ನೋ ಇನ್ನೊಂದು ಪ್ರೋಗ್ರಾಮ್, ಅದರ ಒಳಗೆ ಪಾನ್ ಅನ್ನೋ ಸುಲಭ ಭಾಷೆಯಲ್ಲಿ ಬರೆದ, ಆಟಕ್ಕೆ ಹೊಸ ನಿಯಮ ಸೇರಿಸೋ ಸಣ್ಣ ಪ್ರೋಗ್ರಾಮ್‌ಗಳು, ಅಂದ್ರೆ ಪ್ಲಗಿನ್‌ಗಳು. ಜೋಂಬಿ ಪ್ಲಗಿನ್ ಮಾಡೋ ಕೆಲಸ ಬಿಡಿಸಿ ನೋಡಿದ್ರೆ ಎಷ್ಟು ಸರಳ ಅನ್ಸತ್ತೆ: ರೌಂಡ್ ಶುರುವಾದ್ಮೇಲೆ ಒಬ್ಬ ಆಟಗಾರನನ್ನ ಲಾಟರಿ ತರ ಆರಿಸು, ಅವನ ಗನ್ ಕಿತ್ಕೋ, ಹೆಲ್ತ್ ಜಾಸ್ತಿ ಮಾಡು, ಮಾಡೆಲ್ ಬದಲಾಯಿಸು, ಅವನು ಚಾಕುವಲ್ಲಿ ಹೊಡೆದಾಗ ಎದುರಿಗಿರೋನಿಗೆ ಡ್ಯಾಮೇಜ್ ಕೊಡೋ ಬದಲು ಅವನನ್ನೂ ಜೋಂಬಿ ಮಾಡು. ಪರಚೋ ಉಗುರು ಇದ್ಯಲ್ಲ, ಅದು ನಿಜವಾಗಿ ಆಟದ ಅದೇ ಹಳೇ ಚಾಕು, ನಿಮ್ಮ ಸ್ಕ್ರೀನಲ್ಲಿ ತೋರಿಸೋ ಮಾಡೆಲ್ ಮಾತ್ರ ಬೇರೆ.

ಆ ಕತ್ತಲೆ ಇದ್ಯಲ್ಲ, ಅದು ನನಗೆ ತುಂಬಾ ಇಷ್ಟ ಆಗೋ ವಿಷಯ. ಮ್ಯಾಪಿನ ಬೆಳಕು ನೆರಳೆಲ್ಲ ಮ್ಯಾಪ್ ಮಾಡೋವಾಗಲೇ ಲೆಕ್ಕ ಹಾಕಿ ಫೈಲಲ್ಲಿ ಇಟ್ಟಿರ್ತಾರೆ, ಆಟದ ಮಧ್ಯ ಅದನ್ನ ಮತ್ತೆ ಲೆಕ್ಕ ಹಾಕೋಕೆ ಆ ಕಾಲದ ಕಂಪ್ಯೂಟರ್‌ಗಳಿಗೆ ಶಕ್ತಿ ಇರ್ಲಿಲ್ಲ. ಆದ್ರೆ ಕ್ವೇಕ್ ಕಾಲದಿಂದಲೂ ಬೆಳಕಿನ ಮಟ್ಟಕ್ಕೆ ಇಂಗ್ಲಿಷ್ ಅಕ್ಷರಮಾಲೆಯ ಒಂದು ಸಣ್ಣ ಏರ್ಪಾಡು ಇದೆ. ಎ ಅಂದ್ರೆ ಪೂರ್ತಿ ಕತ್ತಲೆ, ಎಂ ಅಂದ್ರೆ ಮಾಮೂಲಿ ಬೆಳಕು, ಝಡ್ ಅಂದ್ರೆ ಅದರ ಡಬಲ್. ಮಿಣುಕೋ ಟ್ಯೂಬ್‌ಲೈಟ್ ಬೇಕಂದ್ರೆ ಒಂದಷ್ಟು ಅಕ್ಷರ ಸಾಲಾಗಿ ಬರೆದ್ರೆ ಆಯ್ತು. ಜೋಂಬಿ ಪ್ಲಗಿನ್ ಇಡೀ ಮ್ಯಾಪಿನ ಬೆಳಕನ್ನ ಎಂ ಇಂದ ಬಿ ತರದ ಕತ್ತಲೆ ಅಕ್ಷರಕ್ಕೆ ಇಳಿಸತ್ತೆ. ಒಂದೇ ಒಂದು ಅಕ್ಷರ ಸರ್ವರಿಂದ ಬರತ್ತೆ, ಪ್ರಪಂಚದ ಬೇರೆ ಬೇರೆ ಮೂಲೆಯಲ್ಲಿ ಕೂತಿರೋ 32 ಜನಕ್ಕೂ ಒಟ್ಟಿಗೆ ರಾತ್ರಿ ಆಗತ್ತೆ.

ಜಾರೋ ಆಟ, ಅಂದ್ರೆ ಸರ್ಫ್, ಇದಕ್ಕಿಂತ ಸ್ವಾರಸ್ಯ, ಯಾಕಂದ್ರೆ ಅಲ್ಲಿ ಹೊಸ ನಿಯಮ ಬರೆದಿರೋದು ತುಂಬಾ ಕಮ್ಮಿ, ಇಂಜಿನ್ನಲ್ಲಿ ಮೊದಲೇ ಇದ್ದ ಫಿಸಿಕ್ಸನ್ನೇ ಜನ ಕಂಡು ಹಿಡಿದು ಅದರ ಮೇಲೆ ಮ್ಯಾಪ್ ಕಟ್ಟಿದಾರೆ. ಸುಮಾರು 45.6 ಡಿಗ್ರಿಗಿಂತ ಕಡಿದಾದ ಇಳಿಜಾರನ್ನ ಈ ಇಂಜಿನ್ ನೆಲ ಅಂತ ಒಪ್ಪಲ್ಲ, ಅದರ ಮೇಲೆ ನಿಂತ್ರೂ ನೀವು ಗಾಳಿಯಲ್ಲಿದೀರಾ ಅಂತಲೇ ಲೆಕ್ಕ, ಹಾಗಾಗಿ ಘರ್ಷಣೆನೇ ಇಲ್ಲ. ಇನ್ನು ಗಾಳಿಯಲ್ಲಿರೋವಾಗ ಎಡ ಬಲದ ಕೀ ಒತ್ತಿದ್ರೆ ಇಂಜಿನ್ ಏನು ನೋಡತ್ತೆ ಅಂದ್ರೆ, ನೀವು ಒತ್ತಿದ ದಿಕ್ಕಲ್ಲಿ ಈಗಾಗ್ಲೇ ಎಷ್ಟು ವೇಗ ಇದೆ, ಅದು ಇಂಜಿನ್ನಿನ ಅಳತೆಯಲ್ಲಿ 30ಕ್ಕಿಂತ ಕಮ್ಮಿ ಇದ್ರೆ 30ರ ತನಕ ಸೇರಿಸತ್ತೆ. ಒಟ್ಟು ವೇಗ ಎಷ್ಟು ಅಂತ ನೋಡೋದೇ ಇಲ್ಲ! ನೀವು ಮುಂದಕ್ಕೆ 300ರ ವೇಗದಲ್ಲಿ ಹೋಗ್ತಾ ಇದ್ದು, ಅದಕ್ಕೆ ಸರಿಯಾಗಿ ಲಂಬವಾಗಿ ಪಕ್ಕಕ್ಕೆ ಒತ್ತಿದ್ರೆ ಆ ಪಕ್ಕದ ದಿಕ್ಕಲ್ಲಿ ನಿಮ್ಮ ವೇಗ ಸೊನ್ನೆ, ಅದಕ್ಕೆ ಪೂರ್ತಿ 30 ಸಿಗತ್ತೆ. ಹೈಸ್ಕೂಲಿನ ಪೈಥಾಗೊರಸ್ ಹಾಕಿ ನೋಡಿ, ಒಟ್ಟು ವೇಗ 301.5 ಆಯ್ತು. ಇದು ಒಂದು ಫ್ರೇಮಲ್ಲಿ, ಅಂದ್ರೆ ಸ್ಕ್ರೀನ್ ಮೇಲೆ ಒಂದು ಚಿತ್ರ ಬರೋಷ್ಟು ಹೊತ್ತಲ್ಲಿ. ಸೆಕೆಂಡಿಗೆ 100 ಫ್ರೇಮ್ ಓಡ್ತಿದ್ದು, ಪ್ರತಿ ಫ್ರೇಮಲ್ಲೂ ಮೌಸ್ ತಿರುಗಿಸ್ತಾ ಲಂಬ ಕೋನ ಬಿಡದೇ ಹಿಡಿದ್ರೆ ಒಂದು ಸೆಕೆಂಡಲ್ಲಿ 300 ಹೋಗಿ 424 ಆಗತ್ತೆ. ಮನುಷ್ಯರ ಕೈಯಲ್ಲಿ ಅಷ್ಟು ಕರಾರುವಾಕ್ಕಾಗಿ ಆಗಲ್ಲ, ಆದ್ರೆ ಅದರ ಹತ್ತಿರ ಹೋಗೋದೇ ಸರ್ಫ್ ಆಡೋರ ಕಲೆ. ಮಾಮೂಲಿ ಸರ್ವರಲ್ಲಿ ಗಾಳಿಯ ಈ ವೇಗವರ್ಧನೆಯ ಸೆಟ್ಟಿಂಗ್ 10 ಇರತ್ತೆ, ಸರ್ಫ್ ಸರ್ವರ್ ನಡೆಸೋರು ಅದನ್ನ 100 ಅಥವಾ ಇನ್ನೂ ಜಾಸ್ತಿ ಇಡ್ತಾರೆ, ಆಗ ಆ 30 ಪೂರ್ತಿಯಾಗಿ ಒಂದೇ ಫ್ರೇಮಲ್ಲಿ ಸಿಕ್ಕಿಬಿಡತ್ತೆ.

ಇಲ್ಲೊಂದು ಪ್ರಶ್ನೆ ಬರಬೇಕು. ಬೆಂಗಳೂರಿಂದ ಯುರೋಪಿನ ಸರ್ವರ್‌ಗೆ ಮಾತು ಹೋಗಿ ಬರೋಕೆ 150 ಮಿಲಿಸೆಕೆಂಡಿನ ಆಸುಪಾಸು ಬೇಕು, ಎಲ್ಲಾ ಸರ್ವರೇ ತೀರ್ಮಾನ ಮಾಡೋದಾದ್ರೆ ಕೀ ಒತ್ತಿದ್ಮೇಲೆ ಅಷ್ಟು ಹೊತ್ತು ಕಾಯ್ಬೇಕಲ್ವಾ? ಕಾಯಲ್ಲ, ಯಾಕಂದ್ರೆ ನಡೆಯೋದು ಹಾರೋದಕ್ಕೆ ಸಂಬಂಧಪಟ್ಟ ಕೋಡ್ ಮಾತ್ರ ಎರಡೂ ಕಡೆ ಒಂದೇ ತರ ಇಟ್ಟಿದಾರೆ. ನಿಮ್ಮ ಕಂಪ್ಯೂಟರ್ ಊಹೆ ಮಾಡಿ ತಕ್ಷಣ ನಿಮ್ಮನ್ನ ಸರಿಸತ್ತೆ, ಸರ್ವರ್ ಉತ್ತರ ಬಂದ್ಮೇಲೆ ವ್ಯತ್ಯಾಸ ಇದ್ರೆ ಸರಿ ಮಾಡ್ಕೊಳತ್ತೆ. ಸರ್ಫ್ ಇಷ್ಟು ನುಣ್ಣಗೆ ಓಡೋಕೆ ಕಾರಣ ಗುರುತ್ವ, ಘರ್ಷಣೆ, ಗಾಳಿಯ ವೇಗವರ್ಧನೆ ಈ ನಂಬರ್‌ಗಳನ್ನ ಕನೆಕ್ಟ್ ಆಗೋವಾಗಲೇ ಸರ್ವರ್ ಕಳಿಸಿರತ್ತೆ, ಹಾಗಾಗಿ ನಿಮ್ಮ ಕಡೆಯ ಊಹೆ ಸರಿಯಾಗೇ ಇರತ್ತೆ. ಆ ನಂಬರ್‌ಗಳಲ್ಲಿ ಹೇಳೋಕೆ ಆಗದೇ ಇರೋ ಹೊಸ ತರದ ಚಲನೆಯನ್ನ ಯಾರಾದ್ರೂ ಪ್ಲಗಿನ್ನಲ್ಲಿ ಬರೆದ್ರೆ ನಿಮ್ಮ ಊಹೆ ಪ್ರತಿ ಸಲ ತಪ್ಪಾಗಿ ಸ್ಕ್ರೀನ್ ಗಡಗಡ ಅಂತ ನಡುಗತ್ತೆ. ಕೆಲವು ಮೋಡ್‌ಗಳು ಬೆಣ್ಣೆ ತರ, ಕೆಲವು ಜರ್ಕ್ ಹೊಡೆಯೋದು ಇದಕ್ಕೆ, ನೆಟ್‌ನ ಬೈದು ಪ್ರಯೋಜನ ಇಲ್ಲ.

ಕೋಡ್ ಬರಲ್ಲ ಅಂದ ಮಾತ್ರಕ್ಕೆ ಪೂರ್ತಿ ಸೇಫ್ ಅಂತ ಅಲ್ಲ, ಇದನ್ನ ಸ್ಪಷ್ಟವಾಗಿ ಹೇಳಲೇಬೇಕು. ಸರ್ವರ್ ನಿಮ್ಮ ಕನ್ಸೋಲಿಗೆ (ಆಟಕ್ಕೆ ಆದೇಶ ಟೈಪ್ ಮಾಡೋ ಜಾಗ) ಕಮಾಂಡ್ ಕಳಿಸೋ ದಾರಿಯೊಂದು ಹಳೇ ಇಂಜಿನ್ನಲ್ಲಿತ್ತು, ಅದನ್ನ ದುರುಪಯೋಗ ಮಾಡ್ಕೊಂಡು ಕೆಲವರು ಆಟಗಾರರ ಕೀ ಸೆಟ್ಟಿಂಗ್, ಹೆಸರು ಎಲ್ಲ ಬದಲಾಯಿಸ್ತಿದ್ರು, ಸ್ಲೋಹ್ಯಾಕ್ ಅಂತ ಕರೀತಿದ್ದಿದ್ದು ಅದನ್ನೇ, ಆಮೇಲೆ ವಾಲ್ವ್ ಅದಕ್ಕೆ ಫಿಲ್ಟರ್ ಹಾಕ್ತು. ಇನ್ನೂ ಗಂಭೀರವಾದದ್ದು 2017ರಲ್ಲಿ ಒನ್ ಅಪ್ ಸೆಕ್ಯುರಿಟಿ ಸಂಸ್ಥೆ ವಾಲ್ವ್‌ನ ಮುಂದಿನ ಇಂಜಿನ್ ಆದ ಸೋರ್ಸ್‌ನಲ್ಲಿ ಕಂಡುಹಿಡಿದ ತೂತು. ಆಟಗಾರ ಸತ್ತಾಗ ಬೀಳೋ ದೇಹದ ಮಾಡೆಲ್ ಫೈಲನ್ನ ಓದೋ ಕೋಡಿನಲ್ಲಿ ಉದ್ದ ಚೆಕ್ ಮಾಡೋದನ್ನ ಬಿಟ್ಟಿದ್ರು, ಬೇಕಂತಲೇ ಉದ್ದ ಪದ ತುಂಬಿದ ಮಾಡೆಲನ್ನ ಕಸ್ಟಮ್ ಮ್ಯಾಪ್ ಒಳಗೆ ಇಟ್ಟು ಕಳಿಸಿದ್ರೆ, ಆಟದಲ್ಲಿ ನೀವು ಸತ್ತ ಕ್ಷಣ ನಿಮ್ಮ ಕಂಪ್ಯೂಟರಲ್ಲಿ ಅವರ ಕೋಡ್ ಓಡಿಸಬಹುದಿತ್ತು. ವಾಲ್ವ್ ಸರಿ ಮಾಡ್ತು. ಸಾಮಾನು ಬರೀ ಸಾಮಾನೇ ಆಗಿ ಇರ್ಬೇಕು ಅಂದ್ರೆ ಅದನ್ನ ಓದೋ ಕೋಡ್ ಅಷ್ಟು ಹುಷಾರಾಗಿರ್ಬೇಕು. ಬೇರೆ ದಾರಿ ಹಿಡಿದವರೂ ಇದಾರೆ, 1999ರ ಕ್ವೇಕ್ 3 ಮಾಡ್‌ಗಳ ಕೋಡನ್ನ ಆಟಗಾರರ ಕಂಪ್ಯೂಟರಲ್ಲೇ ಓಡಿಸೋಕೆ ಬಿಡ್ತು, ಆದ್ರೆ ಒಂದು ವರ್ಚುವಲ್ ಮೆಷೀನ್, ಅಂದ್ರೆ ಬೇಲಿ ಹಾಕಿದ ನಕಲಿ ಕಂಪ್ಯೂಟರ್ ಒಳಗೆ ಕೂಡಿಹಾಕಿ. 2023ರಲ್ಲಿ ಫೋರ್ಟ್‌ನೈಟ್ ವರ್ಸ್ ಅನ್ನೋ ತನ್ನದೇ ಭಾಷೆ ಕೊಟ್ಟು ಜನರಿಂದ ಮೋಡ್ ಬರೆಸೋಕೆ ಶುರು ಮಾಡ್ತು, ಅಲ್ಲಿ ಸರ್ವರ್ ಮಾತ್ರ ಕಂಪನಿದೇ.

ನನಗೆ ಚಿಂತೆ ಇರೋದು ಹಳೇ ಮೋಡ್‌ಗಳ ಬಗ್ಗೆ. ಮ್ಯಾಪು, ಮಾಡೆಲ್ಲು, ಸೌಂಡು ಬಂದು ಹೋದ ಪ್ರತಿಯೊಬ್ಬನ ಡಿಸ್ಕಲ್ಲೂ ಒಂದೊಂದು ಕಾಪಿ ಉಳಿದಿದೆ, ಸ್ಟೀಮ್ (ವಾಲ್ವ್‌ನ ಆನ್‌ಲೈನ್ ಆಟದ ಅಂಗಡಿ) ವರ್ಷನ್ನಲ್ಲಿ ಸಿಸ್ಟ್ರೈಕ್ ಡೌನ್‌ಲೋಡ್ಸ್ ಅನ್ನೋ ಫೋಲ್ಡರ್ ತೆಗೆದು ನೋಡಿದ್ರೆ ಎಷ್ಟೋ ವರ್ಷದ ಹಿಂದೆ ಬಾಗಿಲು ಮುಚ್ಚಿದ ಸರ್ವರ್‌ಗಳ ಸಾಮಾನು ಇನ್ನೂ ಅಲ್ಲೇ ಇರತ್ತೆ. ಆದ್ರೆ ನಿಯಮದ ಕೋಡ್ ಯಾವತ್ತೂ ನಮ್ಮ ಹತ್ರ ಬಂದೇ ಇಲ್ವಲ್ಲ, ಅದು ಸರ್ವರ್ ನಡೆಸ್ತಿದ್ದವರ ಕಂಪ್ಯೂಟರಲ್ಲಿ ಮಾತ್ರ ಇತ್ತು. ಅವರು ಬಾಡಿಗೆ ಕಟ್ಟೋದು ನಿಲ್ಲಿಸಿ ಮೆಷೀನ್ ಅಳಿಸಿದ ದಿನ, ಪ್ಲಗಿನ್ನನ್ನ ಬೇರೆ ಕಡೆ ಹಾಕಿಲ್ಲದೇ ಇದ್ರೆ, ಆ ಆಟವೂ ಹೋಯ್ತು. ಹಾಗಾಗಿ ಫೋಲ್ಡರ್ ಇಟ್ಕೊಂಡಿರೋರು ಫಾರ್ಮ್ಯಾಟ್ ಮಾಡೋಕೆ ಮುಂಚೆ ಕಾಪಿ ತೆಗೆದಿಡಿ, ಒಂದು ಕಾಲದಲ್ಲಿ ಸರ್ವರ್ ನಡೆಸಿದೋರು ಹಳೇ ಹಾರ್ಡ್ ಡಿಸ್ಕ್ ಹುಡುಕಿ ಪ್ಲಗಿನ್‌ಗಳ ಸೋರ್ಸ್ ಫೈಲ್ ಸಿಕ್ರೆ ದಯವಿಟ್ಟು ಎಲ್ರಿಗೂ ಸಿಗೋ ಕಡೆ ಅಪ್‌ಲೋಡ್ ಮಾಡಿ, ಅದು ಬೇರೆ ಯಾರ ಹತ್ರನೂ ಇಲ್ಲದೇ ಇರಬಹುದು.