‘ಡು ಬಾಂಡೊಲಿಂ’ ಮನೆತನದ ಹೆಸರಲ್ಲ

ಮತ್ತೆ ಅದೇ ತಪ್ಪು ಕಣ್ಣಿಗೆ ಬಿತ್ತು: ‘ಬಾಂಡೊಲಿಂ ಅವರು 1918ರಲ್ಲಿ ಜನಿಸಿದರು.’ ಬಾಂಡೊಲಿಂ ಅನ್ನೋದು ಮನುಷ್ಯ ಅಲ್ಲ, ವಾದ್ಯ. ನಮ್ಮ ಮ್ಯಾಂಡೊಲಿನ್‌ಗೆ ಪೋರ್ಚುಗೀಸರು ಇಟ್ಟ ಹೆಸರು. ಆ ವರ್ಷ ರಿಯೊ ಡಿ ಜನೈರೊದಲ್ಲಿ ಹುಟ್ಟಿದವರು ಬ್ರೆಜಿಲ್‌ನ ಬಾಂಡೊಲಿಂ ವಾದಕ ಜಾಕೊಬ್ ಪಿಕ್ ಬಿಟೆನ್‌ಕೋರ್ಟ್. ಪಿಕ್ ತಾಯಿ ಕಡೆಯದು, ಬಿಟೆನ್‌ಕೋರ್ಟ್ ತಂದೆ ಕಡೆಯದು. ಜನ ಕರೆದದ್ದು ‘ಜಾಕೊಬ್ ಡು ಬಾಂಡೊಲಿಂ’ ಅಂತ. ನಾವು ಯು. ಶ್ರೀನಿವಾಸ್ ಅವರನ್ನು ‘ಮ್ಯಾಂಡೊಲಿನ್ ಶ್ರೀನಿವಾಸ್’ ಅಂತ ಕರೆದ ಹಾಗೆಯೇ. ಅವರನ್ನು ಯಾರೂ ಬರೀ ‘ಮ್ಯಾಂಡೊಲಿನ್ ಅವರು’ ಅನ್ನಲ್ಲ ಅಲ್ವಾ?

ಈ ‘ಡು’ ಎರಡು ಪದಗಳು ಕೂಡಿ ಆದದ್ದು. ‘ಡೆ’ ನಮ್ಮ ಷಷ್ಠಿ ವಿಭಕ್ತಿಯ ಕೆಲಸ ಮಾಡುತ್ತದೆ. ಅದಕ್ಕೆ ಪುಲ್ಲಿಂಗದ ‘ಒ’ (ಇಂಗ್ಲಿಷಿನ ‘ದ’ ಇದ್ದ ಹಾಗೆ) ಸೇರಿದರೆ ‘ಡೊ’. ರಿಯೊದವರ ಬಾಯಲ್ಲಿ ಅದು ‘ಡು’. ವಾದ್ಯದ ಹೆಸರು ಸ್ತ್ರೀಲಿಂಗವಾದರೆ ‘ಡ’. ಅದಕ್ಕೇ ಸಾಂಬಾ ಹಾಡುಗಾರ ಪೌಲಿನ್ಯೊ ‘ಡ ವಿಯೊಲ’. ವಿಯೊಲ ಅಂದ್ರೆ ಗಿಟಾರ್ ಜಾತಿಯ ವಾದ್ಯ. ಅವರ ತಂದೆ ಸೀಸರ್ ಫಾರಿಯಾ, ಜಾಕೊಬ್ ಅವರ ‘ಎಪೊಕಾ ಡಿ ಔರೊ’ ತಂಡದಲ್ಲೇ ಗಿಟಾರ್ ನುಡಿಸುತ್ತಿದ್ದವರು. ತಂದೆ ಫಾರಿಯಾ, ಮಗ ವಿಯೊಲ! ‘ವಿಯೊಲ’ ಮನೆತನದ ಹೆಸರಾಗಿದ್ದರೆ ತಂದೆಗೂ ಇರಬೇಕಿತ್ತು.

ಇನ್ನೊಂದು ಗೊಂದಲ ಕವಕಿನ್ಯೊ ಎಂಬ ಪುಟ್ಟ ಗಿಟಾರಿನಂಥ ವಾದ್ಯದ್ದು. ಸಾಂಬಾ ತಂಡದ ಫೋಟೊದಲ್ಲಿ ಪುಟ್ಟ ತಂತಿವಾದ್ಯ ಕಂಡರೆ ಸುಮ್ನೆ ‘ಮ್ಯಾಂಡೊಲಿನ್’ ಅಂತ ಬರೆದುಬಿಡುತ್ತಾರೆ. ತಂತಿ ಎಣಿಸಿದರೆ ಸಾಕು. ಕವಕಿನ್ಯೊಗೆ ನಾಲ್ಕು. ಜಾಸ್ತಿ ಹೊತ್ತು ಲಯ ಹಿಡಿಯುವುದು ಅದರ ಕೆಲಸ. ಬಾಂಡೊಲಿಂಗೆ ಎಂಟು, ಎರಡೆರಡರ ನಾಲ್ಕು ಜೋಡಿ, ಶ್ರುತಿ ಪಿಟೀಲಿನದ್ದೇ. ಬ್ರೆಜಿಲ್‌ನ ವಾದ್ಯಸಂಗೀತ ಶೈಲಿಯಾದ ಚೋರೋದಲ್ಲಿ ರಾಗದ ಎಳೆ ಅದರ ಕೈಯಲ್ಲಿರುತ್ತದೆ.

ಪಿಟೀಲಿನ ಶ್ರುತಿ ಜಾಕೊಬ್ ಮಟ್ಟಿಗೆ ದೊಡ್ಡ ವಿಷಯ. ಹುಡುಗನಾಗಿದ್ದಾಗ ತಾಯಿ ಕೊಡಿಸಿದ್ದು ಪಿಟೀಲು. ಕಮಾನು ಕೈಗೆ ಒಗ್ಗಲಿಲ್ಲ. ಹೇರ್‌ಪಿನ್ ಹಿಡಿದು ತಂತಿ ಮೀಟತೊಡಗಿದರು. ತಂತಿಗಳು ಪಟಪಟ ಹರಿದವು. ಇವನಿಗೆ ಬೇಕಾಗಿರೋದು ಬಾಂಡೊಲಿಂ ಅಂತ ಮನೆಯವರ ಪರಿಚಯದವರೊಬ್ಬರು ಹೇಳಿದ ಮೇಲೆ ಅದು ಬಂತು. ಗುರು ಮಾತ್ರ ಬರಲಿಲ್ಲ. ಕಿವಿಯಿಂದಲೇ ಕಲಿತರು. ಮುಂದೆ ಹೊಟ್ಟೆಪಾಡಿಗೆ ನ್ಯಾಯಾಲಯದಲ್ಲಿ ಗುಮಾಸ್ತಿಕೆ ಮಾಡಿದರು.

ತಾನೇ ಕಲಿತವರು ಅಂದಕೂಡಲೇ ‘ಶಾಸ್ತ್ರ ಬಾರದವರು’ ಅಂತ ಅರ್ಥ ಮಾಡಿಕೊಳ್ಳುವುದು ನನಗೆ ಎಲ್ಲಕ್ಕಿಂತ ಬೇಸರ ತರಿಸುವ ತಪ್ಪು. ಬಾಂಡೊಲಿಂ, ಚೋರೋ ತಂಡ ಮತ್ತು ತಂತಿವಾದ್ಯಗಳ ಆರ್ಕೆಸ್ಟ್ರಾಕ್ಕೆಂದು ಬ್ರೆಜಿಲ್‌ನ ಸಂಗೀತ ರಚನೆಕಾರ ರದಮೆಸ್ ನ್ಯತಾಲಿ ‘ರೆತ್ರಾಟೊಸ್’ ಎಂಬ ನಾಲ್ಕು ಭಾಗದ ಕೃತಿ ಬರೆದದ್ದೇ ಜಾಕೊಬ್ ನುಡಿಸಲಿ ಅಂತ. ಒಂದೊಂದು ಭಾಗವೂ ಒಬ್ಬೊಬ್ಬ ಹಿರಿಯ ಸಂಗೀತಗಾರರಿಗೆ ಅರ್ಪಣೆ. ಸ್ವರಲಿಪಿ ಎದುರಿಗಿಟ್ಟುಕೊಂಡು ಸಾಧಿಸಬೇಕಾದ ಕೃತಿ ಅದು. ಅವರು ಸಾಧಿಸಿದರು. 1964ರಲ್ಲಿ ಅದನ್ನು ರೆಕಾರ್ಡ್ ಕೂಡ ಮಾಡಿದರು.