ಒಂದು ನಿಮಿಷದ ವಿನೆಗರ್

ದಾವಣಗೆರೆಯ ಮಂಡಕ್ಕಿ ಭಟ್ಟಿಯಲ್ಲಿ ದುಡಿಯುವವರಿರಲಿ, ಚನ್ನಗಿರಿ ಕಡೆ ಅಡಿಕೆ ಸುಲಿಯಲು ಹೋಗುವವರಿರಲಿ, ‘ಬಿಳುಪು ಹೋಗ್ತೈತಿ, ಸೊಂಟ ಹಿಡ್ಕಂಡೈತಿ’ ಎಂದರೆ ಮನೆಯಲ್ಲಿ ಸಿಗುವ ಉತ್ತರ ಒಂದೇ: ‘ಉಷ್ಣ ಆಗಿರ್ಬೇಕು, ಮೆಂತ್ಯ ನೆನೆಸಿ ಕುಡಿ.’ ಬಿಳುಪು ಹೋಗುವುದೆಲ್ಲ ಕ್ಯಾನ್ಸರ್ ಅಲ್ಲ, ನಿಜ. ತೊಡಕಿರುವುದು ಇನ್ನೊಂದು ಕಡೆ. ಗರ್ಭಕೋಶದ ಬಾಯಲ್ಲಿ ಕ್ಯಾನ್ಸರ್‌ಗೆ ತಯಾರಿ ನಡೆಯುವ ಹತ್ತು–ಹದಿನೈದು ವರ್ಷ ಬಿಳುಪೂ ಇರುವುದಿಲ್ಲ, ನೋವೂ ಇರುವುದಿಲ್ಲ.

ತಯಾರಿ ನಡೆಸುವುದು ಹ್ಯೂಮನ್ ಪ್ಯಾಪಿಲೋಮಾ ವೈರಸ್, ಅಂದರೆ ಎಚ್‌ಪಿವಿ. ಇದರಲ್ಲಿ 200ಕ್ಕೂ ಹೆಚ್ಚು ಬಗೆಗಳಿವೆ. ಕೈಕಾಲಿನ ನರುಳ್ಳೆಗೂ ಇದೇ ಕುಲದವು ಕಾರಣ. 6 ಮತ್ತು 11ನೇ ಬಗೆ ಜನನಾಂಗದ ಮೇಲೆ ನರುಳ್ಳೆ ಎಬ್ಬಿಸುತ್ತವೆ. ಕ್ಯಾನ್ಸರ್ ತರುವ ಮುಖ್ಯ ಜೋಡಿ 16 ಮತ್ತು 18. ಲೈಂಗಿಕ ಸಂಪರ್ಕ ಇರುವ ಬಹುತೇಕ ಹೆಣ್ಣು ಗಂಡಿಗೆ ಬದುಕಿನಲ್ಲಿ ಒಮ್ಮೆಯಾದರೂ ಇದು ತಗಲುತ್ತದೆ. ಹಾಗಾಗಿ ಸೋಂಕು ಕಂಡಿತೆಂದು ಯಾರ ನಡತೆಯನ್ನೂ ಅಳೆಯುವಂತಿಲ್ಲ. ಚರ್ಮಕ್ಕೆ ಚರ್ಮ ತಾಗಿದರೆ ಸಾಕಾದ್ದರಿಂದ ಕಾಂಡೋಮ್ ಅಪಾಯ ತಗ್ಗಿಸುತ್ತದೆ, ಪೂರ್ತಿ ತಡೆಯುವುದಿಲ್ಲ. ಹತ್ತರಲ್ಲಿ ಒಂಬತ್ತು ಸೋಂಕನ್ನು ದೇಹವೇ ಎರಡು ವರ್ಷದೊಳಗೆ ಓಡಿಸುತ್ತದೆ. ಉಳಿದುಕೊಂಡದ್ದೇ ಕಾಟ. ವೈರಸ್ಸಿನ ಇ6, ಇ7 ಎಂಬ ಎರಡು ಪ್ರೋಟೀನುಗಳು ಜೀವಕೋಶದ ಬ್ರೇಕುಗಳನ್ನೇ ಕಿತ್ತುಹಾಕುತ್ತವೆ. ಕೋಶ ಅಂಕೆಯಿಲ್ಲದೆ ಒಡೆಯುತ್ತ ಹೋಗುತ್ತದೆ. ಬೀಡಿ ಸಿಗರೇಟು ಸೇದುವವರಲ್ಲಿ, ಎಚ್‌ಐವಿ ಇರುವವರಲ್ಲಿ ಇದರ ಓಟ ಇನ್ನೂ ಜೋರು. 2022ರ ಅಂದಾಜಿನಂತೆ ಭಾರತದಲ್ಲಿ ವರ್ಷಕ್ಕೆ ಸುಮಾರು 1.27 ಲಕ್ಷ ಹೆಂಗಸರಿಗೆ ಈ ಕ್ಯಾನ್ಸರ್ ಬರುತ್ತದೆ, 80 ಸಾವಿರದಷ್ಟು ಮಂದಿ ಸಾಯುತ್ತಾರೆ.

ಆ ಹತ್ತು–ಹದಿನೈದು ವರ್ಷದ ಗಡುವನ್ನು ಬಳಸಿಕೊಳ್ಳುವ ಅಗ್ಗದ ಪರೀಕ್ಷೆ ವಿಐಎ, ಅಂದರೆ ಆಮ್ಲ ಹಚ್ಚಿ ಬರಿಗಣ್ಣಿನಲ್ಲೇ ನೋಡುವುದು. ಬೇಕಾದ್ದು ಯೋನಿಯನ್ನು ಅಗಲಿಸಿ ಒಳಗೆ ನೋಡುವ ಸ್ಪೆಕ್ಯುಲಮ್ ಎಂಬ ಸಾಧನ, ಒಳ್ಳೆಯ ಬೆಳಕು, ಹತ್ತಿ, ಶೇ 3ರಿಂದ 5ರ ಅಸಿಟಿಕ್ ಆಮ್ಲ. ಗೋಬಿ ಮಂಚೂರಿ ಗಾಡಿಯ ವಿನೆಗರ್‌ನ ಅಣ್ಣನೇ ಇದು, ಆದರೆ ಅಳತೆ ತಪ್ಪುವಂತಿಲ್ಲ: 95 ಮಿ.ಲೀ. ಶುದ್ಧ ನೀರಿಗೆ 5 ಮಿ.ಲೀ. ಗಟ್ಟಿ (ಗ್ಲೇಷಿಯಲ್) ಅಸಿಟಿಕ್ ಆಮ್ಲ, ಅದೂ ಅಂದಂದಿನ ಬಳಕೆಗೆ ಅಂದೇ ಬೆರೆಸಿದ್ದು. ನೀರು ಬೆರೆಸದೆ ಹಚ್ಚಿದರೆ ಸುಟ್ಟುಬಿಡುತ್ತದೆ. ತೆಳುವಾದರೆ ಏನೂ ಕಾಣದು. ಮೊದಲು ಲೋಳೆ ಒರೆಸಿ, ಆಮ್ಲ ಅದ್ದಿದ ಹತ್ತಿಯನ್ನು ಗರ್ಭಕಂಠಕ್ಕೆ, ಅಂದರೆ ಗರ್ಭಕೋಶದ ಬಾಯಿಗೆ ಒತ್ತಿ, ಪೂರ್ತಿ ಒಂದು ನಿಮಿಷ ಕಾಯಬೇಕು. ಕೆಟ್ಟ ಕೋಶಗಳ ಕೇಂದ್ರ ದಟ್ಟವಾಗಿರುವುದರಿಂದ ಅಲ್ಲಿನ ಪ್ರೋಟೀನು ಆಮ್ಲಕ್ಕೆ ಹೆಪ್ಪುಗಟ್ಟಿ, ಸುಣ್ಣ ಬಳಿದಂತೆ ಬಿಳಿಚುತ್ತದೆ. ಅಂಚು ಸ್ಪಷ್ಟವಿದ್ದು, ಒಳಪದರ ಹೊರಪದರ ಕೂಡುವ ಗೆರೆಗೆ ತಾಗಿದ್ದರೆ ಪಾಸಿಟಿವ್. ಚದುರಿದ ಮಸುಕು ಬಿಳುಪು ಲೆಕ್ಕಕ್ಕಿಲ್ಲ. ಶಿಬಿರದಲ್ಲಿ ಸಾಲು ಬೆಳೆದಂತೆ ಮೊದಲು ಕಡಿತವಾಗುವುದು ಆ ಒಂದು ನಿಮಿಷವೇ! ಮುಟ್ಟು ನಿಂತವರಲ್ಲಿ ಆ ಗೆರೆ ಒಳಕ್ಕೆ ಸರಿದಿರುವುದರಿಂದ ವಿಐಎ ನೆಚ್ಚುವಂತಿಲ್ಲ. ಅವರಿಗೆ ವೈರಸ್ಸನ್ನೇ ಹುಡುಕುವ ಎಚ್‌ಪಿವಿ ಡಿಎನ್‌ಎ ಪರೀಕ್ಷೆ ಅಥವಾ ಗರ್ಭಕಂಠದ ಕೋಶಗಳನ್ನು ಕೆರೆದು ಸೂಕ್ಷ್ಮದರ್ಶಕದಲ್ಲಿ ನೋಡುವ ಪ್ಯಾಪ್ ಸ್ಮಿಯರ್ ಮೇಲು. ಡಿಎನ್‌ಎ ಪರೀಕ್ಷೆಯ ಮಾದರಿಯನ್ನು ಹೆಂಗಸರು ತಾವೇ ತೆಗೆದುಕೊಡಬಹುದು.

ಸರ್ಕಾರಿ ಕಾರ್ಯಕ್ರಮದ ಪ್ರಕಾರ 30ರಿಂದ 65 ವಯಸ್ಸಿನವರಿಗೆ ಐದು ವರ್ಷಕ್ಕೊಮ್ಮೆ ವಿಐಎ ಆಗಬೇಕು. ಮುಟ್ಟಿನ ದಿನ ಬೇಡ. ಹಿಂದಿನ ಎರಡು ದಿನ ಸಂಭೋಗ, ಒಳಗಿಡುವ ಮಾತ್ರೆ ಬೇಡ. ಪಾಸಿಟಿವ್ ಎಂದರೆ ಕ್ಯಾನ್ಸರ್ ಅಲ್ಲ. ಕ್ಯಾನ್ಸರ್ ಗುಮಾನಿ ಇಲ್ಲದ, ಪೂರ್ತಿ ಕಣ್ಣಿಗೆ ಕಾಣುವ ಸಣ್ಣ ಮಚ್ಚೆಯನ್ನು ಸುಮಾರು 100 ಡಿಗ್ರಿ ಬಿಸಿ ತಾಗಿಸಿ ಅರ್ಧ ನಿಮಿಷದೊಳಗೆ ಸುಡಬಹುದು. ಅಂದೇ ಮನೆಗೆ.

ಬಿಳುಪು ಹೋಗುತ್ತದೆಂದು ಪರೀಕ್ಷೆಯಿಲ್ಲದೆ ‘ಗರ್ಭಕೋಶ ತೆಗೆಸಿಬಿಡಿ’ ಎನ್ನುವುದನ್ನು ಮಾತ್ರ ಒಪ್ಪಲಾಗದು. ಒಳಗೆ ನಿಜಕ್ಕೂ ಕ್ಯಾನ್ಸರ್ ಇದ್ದರೆ ಆ ಸಾದಾ ಆಪರೇಷನ್ ಸಾಲದು, ಮುಂದಿನ ಚಿಕಿತ್ಸೆಯೂ ಕಗ್ಗಂಟಾಗುತ್ತದೆ. ತೆಗೆಸಿದವರು ಪೆಥಾಲಜಿ ವರದಿ (ತೆಗೆದ ಗರ್ಭಕೋಶವನ್ನು ಲ್ಯಾಬಿನಲ್ಲಿ ಪರೀಕ್ಷಿಸಿದ ವರದಿ) ಕೇಳಿ ಪಡೆದು ಜೋಪಾನ ಮಾಡಲಿ.

ಎಚ್‌ಪಿವಿ ತಡೆಯುವ ಲಸಿಕೆಯೂ ಇದೆ. ಅದರಲ್ಲಿ ವೈರಸ್ ಇಲ್ಲ, ವೈರಸ್ಸಿನ ಹೊರಕವಚದ ಪ್ರೋಟೀನು ಮಾತ್ರ ಇದೆ. ಬಂಜೆತನ ಬರುತ್ತದೆಂಬುದು ಬರೀ ಸುದ್ದಿ. 9–14ರ ಹುಡುಗಿಯರಿಗೆ ಆರು ತಿಂಗಳ ಅಂತರದಲ್ಲಿ ಎರಡು ಡೋಸ್. 15 ದಾಟಿದರೆ 0, 2, 6ನೇ ತಿಂಗಳಲ್ಲಿ ಮೂರು. 20 ವಯಸ್ಸಿನವರೆಗೆ ಒಂದೇ ಡೋಸ್ ಕೂಡ ನಡೆಯುತ್ತದೆ ಎಂದು 2022ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಹೇಳಿದೆ. ಆ ವರ್ಷವೇ ಒಪ್ಪಿಗೆ ಪಡೆದ ನಮ್ಮ ದೇಶದ ಸರ್ವಾವ್ಯಾಕ್ ಲಸಿಕೆ ವೈರಸ್ಸಿನ 6, 11, 16, 18ನೇ ಬಗೆಗಳನ್ನು ತಡೆಯುತ್ತದೆ. ಆಗಲೇ ತಗಲಿದ ಸೋಂಕನ್ನು ಲಸಿಕೆ ಓಡಿಸದು. ಆದ್ದರಿಂದ ಮದುವೆಗೆ ಮೊದಲೇ, ಎಳೆಯ ವಯಸ್ಸಿನಲ್ಲೇ ಹಾಕಿಸುವುದು. ಹುಡುಗರಿಗೂ ಇದು ವ್ಯರ್ಥವಲ್ಲ, ಗಂಟಲು ಮತ್ತು ಶಿಶ್ನದ ಕೆಲವು ಕ್ಯಾನ್ಸರ್‌ಗಳಿಗೂ ಇದೇ ವೈರಸ್ ಕಾರಣ. ಸೂಜಿಯಾದ ಮೇಲೆ ಕಾಲು ಗಂಟೆ ಕೂರಿಸಿ, ಕೆಲವು ಮಕ್ಕಳು ತಲೆತಿರುಗಿ ಬೀಳುತ್ತಾರೆ.

ಮೆಡಿಕಲ್ ಶಾಪಿನಲ್ಲಿ ಕೊಂಡು ಜಗಳೂರು ಬಸ್ಸು ಹತ್ತುವವರು ಒಂದು ಗಮನಿಸಿ. ಲಸಿಕೆ 2ರಿಂದ 8 ಡಿಗ್ರಿಯಲ್ಲಿರಬೇಕು. ಬಿಸಿಲಿಗೆ ಹೆದರಿ ನೇರ ಐಸ್ ಮೇಲಿಟ್ಟರೆ ಹೆಪ್ಪುಗಟ್ಟಿ ಅದರ ಅಲ್ಯುಮಿನಿಯಂ ಲವಣ ಗರಣೆಯಾಗುತ್ತದೆ, ಕರಗಿಸಿದರೂ ಕೆಲಸಕ್ಕೆ ಬಾರದು. ಐಸಿಗೂ ಬಾಟಲಿಗೂ ನಡುವೆ ದಪ್ಪ ಬಟ್ಟೆಯಿರಲಿ. ಲಸಿಕೆ ಇಟ್ಟಿರುವ ಆಸ್ಪತ್ರೆಯಲ್ಲೇ ಹಾಕಿಸಿಕೊಳ್ಳುವುದು ಇನ್ನೂ ವಾಸಿ.

ಲಸಿಕೆ ಆದವರೂ 30ರಿಂದ ಪರೀಕ್ಷೆಗೆ ಬರಬೇಕು, ಉಳಿದ ಬಗೆಗಳು ಇದ್ದೇ ಇವೆ. ಸಂಭೋಗದ ನಂತರ ರಕ್ತ ಕಂಡರೆ, ಮುಟ್ಟು ನಿಂತು ವರ್ಷವಾದ ಮೇಲೆ ಒಂದು ಹನಿ ಕಂಡರೂ ಶಿಬಿರದ ದಿನಕ್ಕೆ ಕಾಯಬೇಡಿ. ಅದೇ ವಾರ ಜಿಲ್ಲಾ ಆಸ್ಪತ್ರೆಯ ಸ್ತ್ರೀರೋಗ ವಿಭಾಗಕ್ಕೆ ಹೋಗಿ.