ಬೆಳಕಿನ ಕೆರೆ ಒಡೆದರೆ ಓಡಿ ಬಂದು ಹೇಳುವವರು ಯಾರು?

ಬೀದರಿನಲ್ಲಿ ಒಂದು ರಾತ್ರಿ ಕರೆಂಟು ಹೋಗಿತ್ತು. ಮಾಳಿಗೆ ಮೇಲೆ ಚಾಪೆ ಹಾಸಿ ಕೂತಿದ್ದೆವು. ಒಂಬತ್ತನೇ ಕ್ಲಾಸಿನ ಅಕ್ಕನ ಮಗ ತಾನೇ ಕಟ್ಟಿದ ಕತೆಯೊಂದನ್ನು ಹೇಳಿದ. ಅವನ ಲೋಕದಲ್ಲಿ ಬೆಳಕು ಆಕಾಶದ ಕೆರೆಯೊಂದರಲ್ಲಿ ತುಂಬಿ ನಿಂತಿರುತ್ತದೆ. ದಿನಾ ತೂಬು ತೆಗೆದಷ್ಟೇ ಹಗಲು. ಒಂದು ದಿನ ಕೆರೆಯ ಏರಿ ಒಡೆಯುತ್ತದೆ. ಬಿಳಿ ಗೋಡೆಯಂಥ ಬೆಳಕು ಹೊಲ, ಗುಡಿ, ಊರು ಎಲ್ಲ ಸುಡುತ್ತಾ ನುಗ್ಗುತ್ತದೆ. ಗುಡ್ಡದ ಮೇಲೆ ಕುರಿ ಕಾಯುತ್ತಿದ್ದ ಹುಡುಗ ಅದನ್ನು ದೂರದಿಂದ ನೋಡಿ ಊರಿಗೆ ಓಡಿ ಬರುತ್ತಾನೆ.

"ಅವನಿಗೆ ಅದು ಕಾಣಂಗಿಲ್ಲ" ಅಂದೆ.

"ಯಾಕ ಕಾಣಂಗಿಲ್ಲ ಮಾಮಾ? ಗುಡ್ಡದ ಮ್ಯಾಲ ನಿಂತಾನ!"

ನೀರಿನ ಕೆರೆಯಾದರೆ ಅವನ ಮಾತು ಸರಿ. ನೀರು ಬರುವುದನ್ನು ಬೆಳಕು ಮೊದಲೇ ಬಂದು ತೋರಿಸುತ್ತದೆ. ಆದರೆ ಬರುತ್ತಿರುವುದೇ ಬೆಳಕಾದರೆ ಅದಕ್ಕಿಂತ ಮೊದಲು ಬಂದು ತೋರಿಸುವುದು ಯಾವುದು? ಸುದ್ದಿ ಮತ್ತು ಪೆಟ್ಟು ಒಟ್ಟಿಗೇ ಬರುತ್ತವೆ. ಸೂರ್ಯ ಈ ಕ್ಷಣ ಆರಿಹೋದರೂ ನಮಗೆ ಗೊತ್ತಾಗುವುದು 8 ನಿಮಿಷ ಕಳೆದ ಮೇಲೆಯೇ. ಅಷ್ಟು ಹೊತ್ತೂ ನಾವು ಬಿಸಿಲಿಗೆ ಬೈಯುತ್ತಾ ಕೂತಿರುತ್ತೇವೆ.

ಬೆಳಕು ಗುಡ್ಡದ ಪಕ್ಕದಿಂದ ಹಾದುಹೋದರೆ ಧೂಳಿಗೆ ಬಡಿದು ಚದುರಿದ್ದು ಹುಡುಗನಿಗೆ ಕಾಣಬಹುದು, ನಿಜ. ಆದರೂ ಅವನ ಕೂಗು ಊರು ಮುಟ್ಟುವುದು ತಡವಾಗಿಯೇ. ಗುಡ್ಡ ಸುತ್ತಿ ಬರುವವನು ನೇರ ದಾರಿಯವನನ್ನು ಹಿಂದೆ ಹಾಕುವುದುಂಟೇ?

ಹುಡುಗ ಬಿಡಲಿಲ್ಲ. "ನನ್ನ ಲೋಕದಾಗ ಬೆಳಕು ನಿಧಾನ ಹೋಗ್ತದ" ಅಂದ. ಇದು ಸುಮ್ನೆ ತೆಗೆದುಹಾಕುವ ಮಾತಲ್ಲ. ಶೂನ್ಯದಲ್ಲಿ ಸೆಕೆಂಡಿಗೆ ಸುಮಾರು 3 ಲಕ್ಷ ಕಿಲೋಮೀಟರ್ ಓಡುವ ಬೆಳಕು ನೀರಿನಲ್ಲಿ 2.25 ಲಕ್ಷಕ್ಕೆ ಇಳಿಯುತ್ತದೆ. 1999ರಲ್ಲಿ ಲೆನೆ ಹಾವ್ ಎಂಬ ವಿಜ್ಞಾನಿಯ ತಂಡ ಅತಿ ತಣ್ಣಗಿನ ಸೋಡಿಯಂ ಪರಮಾಣುಗಳ ಮೋಡದೊಳಗೆ ಬೆಳಕನ್ನು ಸೆಕೆಂಡಿಗೆ 17 ಮೀಟರಿಗೆ ಇಳಿಸಿತ್ತು. ಅಂದರೆ ಗಂಟೆಗೆ 61 ಕಿಲೋಮೀಟರ್. ನಮ್ಮ ಹುಮನಾಬಾದ್ ಬಸ್ಸಿನ ವೇಗ!

ಅಂಥ ಲೋಕದಲ್ಲೂ ಬೆಳಕು ಮೊದಲೇ ಕಾಣುವುದಿಲ್ಲ. ಆದರೆ ಕೇಳಿಸುತ್ತದೆ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಹೋಗುತ್ತದೆ. ಏರಿ ಒಡೆದದ್ದು 10 ಕಿಲೋಮೀಟರ್ ದೂರದಲ್ಲಿ ಅಂತಿಟ್ಟುಕೊಳ್ಳಿ. ಶಬ್ದ ಅರ್ಧ ನಿಮಿಷದಲ್ಲಿ ಬಂದೀತು. ಬೆಳಕಿಗೆ ಹತ್ತು ನಿಮಿಷ ಬೇಕು. ಅಲ್ಲಿಯವರು ಮೊದಲು ಗುಡುಗು ಕೇಳಿ, ಆಮೇಲೆ ಮಿಂಚು ನೋಡುತ್ತಾರೆ. ನನಗಂತೂ ಈ ಉಲ್ಟಾ ಲೋಕ ಬಹಳ ಹಿಡಿಸಿತು. ಹುಡುಗನಿಗೆ ಹಿಡಿಸಲಿಲ್ಲ. ಅವನ ಪ್ರಳಯ ಸಪ್ಪಳವಿಲ್ಲದೆ ಬರಬೇಕಂತೆ.

ಸಪ್ಪಳವೂ ಬೇಡ, ಸುದ್ದಿ ಮಾತ್ರ ಮೊದಲು ಬರಬೇಕು. ಹಾಗೆ ನಿಜವಾಗಿಯೂ ಒಮ್ಮೆ ಆಗಿದೆ. 1987ರ ಫೆಬ್ರವರಿಯಲ್ಲಿ, ಸುಮಾರು 1,68,000 ಜ್ಯೋತಿರ್ವರ್ಷ ದೂರದ ನಕ್ಷತ್ರವೊಂದು ಸಿಡಿದ ಬೆಳಕು ಭೂಮಿಗೆ ಮುಟ್ಟಿತು. ಅದಕ್ಕೆ ಎರಡು ಮೂರು ತಾಸು ಮೊದಲೇ ನ್ಯೂಟ್ರಿನೊ ಎಂಬ ಕಣಗಳು ಬಂದು ಹೋಗಿದ್ದವು. ಅವು ಬೆಳಕಿಗಿಂತ ಜೋರಾಗಿ ಓಡಲಿಲ್ಲ, ಮೊದಲು ಹೊರಟವು ಅಷ್ಟೇ. ನಕ್ಷತ್ರದ ನಡು ಕುಸಿದಾಗ ಆ ಧಕ್ಕೆ ಹೊರಮೈಗೆ ಬರುವವರೆಗೆ ಬೆಳಕಿಗೆ ದಾರಿಯಿಲ್ಲ. ನ್ಯೂಟ್ರಿನೊಗಳಿಗೆ ಅಷ್ಟು ದಪ್ಪದ ಏರಿಯೂ ಲೆಕ್ಕಕ್ಕಿಲ್ಲ. ಅವು ತೂರಿಕೊಂಡೇ ಹೋಗುತ್ತವೆ. ಸೂರ್ಯನಿಂದ ಬರುವಂಥವು ನಿಮ್ಮ ಹೆಬ್ಬೆರಳಿನ ಉಗುರಿನಷ್ಟು ಜಾಗದಲ್ಲಿ ಸೆಕೆಂಡಿಗೆ ಸುಮಾರು 6,000 ಕೋಟಿ ಹಾದುಹೋಗುತ್ತಿವೆ. ತುರಿಕೆ ಕೂಡ ಆಗುವುದಿಲ್ಲ, ಅಲ್ವಾ? ಇನ್ನೊಂದು ತಮಾಷೆ ಎಂದರೆ, ಅಂಥ ನಕ್ಷತ್ರ ಸಿಡಿದಾಗ ಶೇಕಡಾ 99ರಷ್ಟು ಶಕ್ತಿ ಇವುಗಳ ಪಾಲು. ನಾವು ಬಾಯಿ ಬಿಟ್ಟು ನೋಡುವ ಬೆಳಕು ಬರೀ ಚಿಲ್ಲರೆ.

ಇವನ್ನು ಹಿಡಿಯಲು ನೆಲದೊಳಗೆ ಇಳಿಯಬೇಕು. ಬೇರೆ ಕಣಗಳ ಗಲಾಟೆಯನ್ನು ಬಂಡೆ ತಡೆಯುತ್ತದೆ. ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊಗಳ ಗುರುತು 1965ರಲ್ಲಿ ನಮ್ಮ ಕೋಲಾರದ ಚಿನ್ನದ ಗಣಿಯ ಆಳದಲ್ಲೇ ಸಿಕ್ಕಿತು. 1987ರಲ್ಲಿ ಜಪಾನಿನ ಗಣಿಯೊಂದರ ನೀರಿನ ತೊಟ್ಟಿ ಕೆಲಸಕ್ಕೆ ಬಂತು. ಅಪರೂಪಕ್ಕೊಂದು ನ್ಯೂಟ್ರಿನೊ ನೀರಿಗೆ ಬಡಿದರೆ ವಿದ್ಯುತ್ ಕಣವೊಂದು ಚಿಮ್ಮುತ್ತದೆ. ನೀರಿನಲ್ಲಿ ಬೆಳಕು ನಿಧಾನ ಅಂದೆನಲ್ಲ? ಅಲ್ಲಿ ಆ ಕಣ ಬೆಳಕನ್ನೇ ಹಿಂದೆ ಹಾಕುತ್ತದೆ. ಆಗ ನೀಲಿ ಬೆಳಕು ಮಿಣುಕುತ್ತದೆ. ಇದೇ ಚೆರೆಂಕೋವ್ ಬೆಳಕು. ನಕ್ಷತ್ರದ ಅಷ್ಟೂ ಸುದ್ದಿ ಆ ತೊಟ್ಟಿಗೆ ಬಂದದ್ದು ಹತ್ತು ಹನ್ನೆರಡು ಮಿಣುಕಿನಲ್ಲಿ.

ಹುಡುಗ ಸುಮಾರು ಹೊತ್ತು ಸುಮ್ಮನಿದ್ದ. ಹಿಂದಿನ ವಾರ ಅವನನ್ನು ನೌಬಾದಿನ ಸುರಂಗ ಬಾವಿಗೆ ಕರೆದುಕೊಂಡು ಹೋಗಿದ್ದೆ. ಬಹಮನಿಗಳ ಕಾಲದಲ್ಲಿ ಕೆಂಪು ಜಂಬಿಟ್ಟಿಗೆ ಕಲ್ಲು ಕೊರೆದು ಮಾಡಿದ ನೀರಿನ ದಾರಿ ಅದು. ಒಳಗೆ ಕತ್ತಲೋ ಕತ್ತಲು. ಮರುದಿನ ನೋಡಿದರೆ ಅವನ ನೋಟ್‌ಬುಕ್ಕಿನಲ್ಲಿ ಕುರಿ ಹುಡುಗ ಇರಲಿಲ್ಲ. ಅವನ ಜಾಗದಲ್ಲಿ ಸುರಂಗ ಬಾವಿಗೆ ಇಳಿದ ಅಜ್ಜಿಯೊಬ್ಬಳು. ನೀರಿನ ತಳದಲ್ಲಿ ನೀಲಿ ಮಿಣುಕು ಕಾಣುತ್ತದೆ. ಆಕೆ ಕೊಡ ಅಲ್ಲೇ ಬಿಟ್ಟು ಮೆಟ್ಟಿಲು ಹತ್ತುತ್ತಾಳೆ. ಊರಿಗೆ ಇನ್ನು ಮೂರು ತಾಸು.

"ಆ ಬೆಳಕು ಎಷ್ಟು ಸಣ್ಣದು ಗೊತ್ತದ ಏನು? ಅದಕ್ಕ ಬ್ಯಾರೆ ಯಂತ್ರ ಬೇಕು, ಬರೇ ಕಣ್ಣಿಗಿ ಕಾಣಂಗಿಲ್ಲ" ಅಂದೆ.

"ನಮ್ಮ ಅಜ್ಜಿ ಕಣ್ಣು ಮಾಮಾ ಅವು. ಕತ್ತಲದಾಗ ಸೂಜಿಗಿ ದಾರ ಪೋಣಸ್ತಾಳ."